ಡಿಸೆಂಬರ್ 13ರ ದ್ವೀಪ

ಕೆರಿಬಿಯನ್ ಸಮುದ್ರದ ಸೇಂಟ್ ಲೂಸಿಯಾ ದ್ವೀಪಕ್ಕೆ ಆ ಹೆಸರು ಹೇಗೆ ಬಂತು ಎಂಬುದಕ್ಕೆ ಬಹಳ ಕಾಲ ಒಂದು ಸರಳ ಉತ್ತರವಿತ್ತು. ಕೊಲಂಬಸ್ 1502ರ ಡಿಸೆಂಬರ್ 13ರಂದು ಅದನ್ನು ಕಂಡ. ಅಂದು ಸಂತ ಲೂಸಿಯ ಹಬ್ಬ. ಹಾಗಾಗಿ ಅವಳ ಹೆಸರನ್ನೇ ಇಟ್ಟ. ಡಿಸೆಂಬರ್ 13 ದ್ವೀಪದಲ್ಲಿ 'ಡಿಸ್ಕವರಿ ಡೇ' ಎಂಬ ಸರಕಾರಿ ರಜೆಯೂ ಆಯಿತು.

ತೊಂದರೆಯೆಂದರೆ, ಆ ದಿನ ಕೊಲಂಬಸ್ ಅಲ್ಲಿರಲಿಲ್ಲ. ಅವನ ನಾಲ್ಕನೆಯ ಯಾನದ ದಾಖಲೆಗಳ ಪ್ರಕಾರ, ಆ ಡಿಸೆಂಬರಿನಲ್ಲಿ ಅವನ ಹಡಗುಗಳು ಇಂದಿನ ಪನಾಮಾದ ಕರಾವಳಿಯಲ್ಲಿ ಬಿರುಗಾಳಿಗೆ ಸಿಕ್ಕಿ ಒದ್ದಾಡುತ್ತಿದ್ದವು. ಸೇಂಟ್ ಲೂಸಿಯಾ ಅಲ್ಲಿಂದ ಸುಮಾರು ಎರಡು ಸಾವಿರ ಕಿಲೋಮೀಟರ್ ಪೂರ್ವಕ್ಕಿದೆ. ಅದೇ ವರ್ಷದ ಜೂನ್ ತಿಂಗಳಲ್ಲಿ ಅವನು ಪಕ್ಕದ ಮಾರ್ಟಿನಿಕ್ ದ್ವೀಪದ ಹತ್ತಿರ ಹಾದುಹೋದದ್ದು ನಿಜ. ಆದರೆ ಸೇಂಟ್ ಲೂಸಿಯಾದಲ್ಲಿ ಇಳಿದ, ಹೆಸರಿಟ್ಟ ಎನ್ನುವುದಕ್ಕೆ ಆಧಾರವಿಲ್ಲ. 1520ರ ಸುಮಾರಿನದೆಂದು ಹೇಳುವ, ವ್ಯಾಟಿಕನ್‌ನಲ್ಲಿರುವ ಒಂದು ಭೂಗೋಳದ ಮೇಲೆ ಆ ಹೆಸರು ಕಾಣುತ್ತದೆ. ಇಟ್ಟವರು ಯಾರೋ ನಾವಿಕರಿರಬೇಕು.

ಮುಂಬೈ ಮಹಾನಗರದಷ್ಟೇ ವಿಸ್ತೀರ್ಣದ, ಎರಡು ಲಕ್ಷದೊಳಗೆ ಜನಸಂಖ್ಯೆಯ ಈ ದೇಶವನ್ನು ಭಾರತದಲ್ಲಿ ಹೆಚ್ಚಿನವರು ಬಲ್ಲದ್ದು ಕ್ರಿಕೆಟ್ ಮೂಲಕ. 2016ರಲ್ಲಿ ಕೋಲ್ಕತ್ತದ ಈಡನ್ ಗಾರ್ಡನ್ಸ್‌ನಲ್ಲಿ ಟಿ20 ವಿಶ್ವಕಪ್ ಎತ್ತಿಹಿಡಿದ ವೆಸ್ಟ್ ಇಂಡೀಸ್ ನಾಯಕ ಡ್ಯಾರನ್ ಸ್ಯಾಮಿ ಅಲ್ಲಿಯವನು. ಚಾರಿತ್ರಿಕ ಮಹಿಳೆಯೊಬ್ಬಳ ಹೆಸರು ಹೊತ್ತ ಏಕೈಕ ಸ್ವತಂತ್ರ ರಾಷ್ಟ್ರ ತಮ್ಮದು ಎಂದು ದ್ವೀಪದವರು ಹೆಮ್ಮೆಯಿಂದ ಹೇಳಿಕೊಳ್ಳುತ್ತಾರೆ. ಹೆಸರಿನ ಹಿಂದಿನ ಕಥೆ ಬಿದ್ದುಹೋಗಿದೆ, ಹೆಸರಿನ ಮೇಲಿನ ಪ್ರೀತಿ ಉಳಿದಿದೆ. ಹೀಗಾದಾಗ ಒಂದು ಜನಸಮುದಾಯ ಏನು ಮಾಡಬೇಕು? ಆ ಸಂತಳ ಬಗ್ಗೆ, ಆ ದ್ವೀಪದ ಬಗ್ಗೆ ಬಂದ ಪುಸ್ತಕಗಳನ್ನು ಕಾಲಕ್ರಮದಲ್ಲಿ ನೋಡುತ್ತ ಹೋದರೆ ಉತ್ತರ ನಿಧಾನವಾಗಿ ಸಿಗುತ್ತದೆ.

ಮೊದಲು ಸಂತಳ ಕಥೆ. ಲೂಸಿ, ಇಟಲಿಯವರ ಬಾಯಲ್ಲಿ ಲೂಚಿಯಾ, ಸಿಸಿಲಿ ದ್ವೀಪದ ಸಿರಾಕ್ಯೂಸ್ ಪಟ್ಟಣದ ಹುಡುಗಿ. ರೋಮನ್ ಚಕ್ರವರ್ತಿ ಡಯೋಕ್ಲೀಷಿಯನ್ ಕ್ರೈಸ್ತರನ್ನು ಹಿಂಸಿಸುತ್ತಿದ್ದ ಕಾಲದಲ್ಲಿ, 304ರಲ್ಲಿ, ಅವಳನ್ನು ಕೊಂದರೆಂದು ಸಂಪ್ರದಾಯ ಹೇಳುತ್ತದೆ. ಅವಳ ಹಳೆಯ ಚರಿತೆಯ ಪ್ರಕಾರ, ಕಾಯಿಲೆಯ ತಾಯಿಯನ್ನು ಕರೆದುಕೊಂಡು ಕಟಾನಿಯಾದ ಸಂತ ಅಗಾತಾಳ ಸಮಾಧಿಗೆ ಯಾತ್ರೆ ಹೋಗುತ್ತಾಳೆ. ತಾಯಿ ಗುಣವಾದ ಮೇಲೆ ತನ್ನ ಮದುವೆಗೆಂದು ಇಟ್ಟ ಆಸ್ತಿಯನ್ನೆಲ್ಲ ಬಡವರಿಗೆ ಹಂಚುತ್ತಾಳೆ. ಸಿಟ್ಟಾದ ವರ ಅಧಿಕಾರಿಗೆ ದೂರು ಕೊಡುತ್ತಾನೆ. ಕೊನೆಗೆ ಕತ್ತಿಗೆ ಬಲಿಯಾಗುತ್ತಾಳೆ.

ಇಂದು ಚರ್ಚುಗಳಲ್ಲಿ ಕಾಣುವ ಲೂಸಿಯ ಚಿತ್ರಗಳಲ್ಲಿ ಅವಳ ಕೈಯಲ್ಲೊಂದು ತಟ್ಟೆ, ತಟ್ಟೆಯಲ್ಲಿ ಎರಡು ಕಣ್ಣು. ಕುರುಡರ, ಕಣ್ಣುಬೇನೆಯವರ ಕಾಪಾಡುವ ತಾಯಿ ಅವಳು. ಆದರೆ ಹಳೆಯ ಚರಿತೆಯಲ್ಲಿ ಕಣ್ಣು ಕೀಳುವ ಪ್ರಸಂಗವೇ ಇಲ್ಲ. ಅದು ಮಧ್ಯಯುಗದ ಕೊನೆಯಲ್ಲಿ ಸೇರಿಕೊಂಡದ್ದು. ಲ್ಯಾಟಿನ್‌ನಲ್ಲಿ 'ಲುಕ್ಸ್' ಎಂದರೆ ಬೆಳಕು, ಲೂಸಿಯ ಹೆಸರಿನಲ್ಲೇ ಆ ಪದವಿದೆ. ಬೆಳಕಿನಿಂದ ಕಣ್ಣಿಗೆ, ಕಣ್ಣಿನಿಂದ ಕಥೆಗೆ ಜನರ ಕಲ್ಪನೆ ಹರಿಯಿತು. ಜೂಲಿಯನ್ ಪಂಚಾಂಗ ಋತುಗಳಿಂದ ಜಾರುತ್ತ ಹೋಗಿ, 14ನೇ ಶತಮಾನದ ಹೊತ್ತಿಗೆ ಡಿಸೆಂಬರ್ 13ರ ಆಸುಪಾಸು ವರ್ಷದ ಅತಿ ದೀರ್ಘ ರಾತ್ರಿ ಬೀಳುತ್ತಿತ್ತು. ಕತ್ತಲೆಯ ದಿನಕ್ಕೆ ಬೆಳಕಿನ ಸಂತ ಒದಗಿದಳು. ಪಂಚಾಂಗ ತಿದ್ದಿದ ಮೇಲೂ ಹಬ್ಬ ಅದೇ ತಾರೀಖಿನಲ್ಲಿ ಉಳಿಯಿತು. ಉತ್ತರಾಯಣ ಡಿಸೆಂಬರಿನಲ್ಲೇ ಶುರುವಾದರೂ ಎಳ್ಳು-ಬೆಲ್ಲ ಹಂಚುವುದು ಜನವರಿಯ ಸಂಕ್ರಾಂತಿಗೇ ಅಲ್ಲವೆ, ಹಾಗೆ.

ಹಾಗಾದರೆ ಲೂಸಿಯೂ ಬರಿಯ ಕಥೆಯೇ? ಅಲ್ಲ. 1894ರಲ್ಲಿ ಪುರಾತತ್ತ್ವಜ್ಞ ಪಾವೊಲೊ ಓರ್ಸಿ ಸಿರಾಕ್ಯೂಸ್‌ನ ಸಂತ ಜಿಯೊವಾನ್ನಿ ನೆಲಮಾಳಿಗೆ ಸಮಾಧಿಗಳಲ್ಲಿ ಒಂದು ಗ್ರೀಕ್ ಶಾಸನ ಕಂಡ. ಯೂಸ್ಕಿಯಾ ಎಂಬ ಹೆಣ್ಣುಮಗಳ ಸಮಾಧಿಯ ಮೇಲೆ ಅವಳ ಗಂಡ ಬರೆಸಿದ್ದು, ಸುಮಾರು 400ನೇ ಇಸವಿಯದು. ತನ್ನ ಹೆಂಡತಿ ಲೂಸಿಯ ಹಬ್ಬದ ದಿನ ತೀರಿಕೊಂಡಳೆಂದು ಅದರಲ್ಲಿದೆ. ಲೂಸಿ ಸತ್ತಳೆನ್ನುವ ಕಾಲದಿಂದ ನೂರು ವರ್ಷದೊಳಗೆ ಅವಳ ಊರಿನಲ್ಲೇ ಅವಳ ಹಬ್ಬ ನಡೆಯುತ್ತಿತ್ತು. ತಟ್ಟೆಯ ಕಣ್ಣುಗಳನ್ನು ಬದಿಗಿಟ್ಟರೂ ಆ ಕಲ್ಲು ಉಳಿಯುತ್ತದೆ.

ದ್ವೀಪದ ಇತಿಹಾಸ ಬರೆದವರು ಮಾಡಬೇಕಾಗಿದ್ದೂ ಇಂಥದೇ ಕೆಲಸ. ಯುರೋಪಿನವರು ಬರುವ ಮೊದಲು ಅಲ್ಲಿನ ಮೂಲನಿವಾಸಿಗಳು ತಮ್ಮ ನೆಲವನ್ನು ಇಗುವಾನಾ ಎಂಬ ದೊಡ್ಡ ಹಲ್ಲಿಗಳ ನಾಡು ಎಂಬರ್ಥದಲ್ಲಿ ಕರೆಯುತ್ತಿದ್ದರು. ಆ ಹೆಸರಿನ ಒಂದು ರೂಪವಾದ 'ಹೆವನೋರಾ' ಇಂದು ದ್ವೀಪದ ಅಂತರರಾಷ್ಟ್ರೀಯ ವಿಮಾನ ನಿಲ್ದಾಣದ ಹೆಸರಾಗಿ ಉಳಿದಿದೆ. 1605ರಲ್ಲಿ ಅಲ್ಲಿ ನೆಲೆಸಲು ಇಳಿದ 67 ಮಂದಿ ಇಂಗ್ಲಿಷರಲ್ಲಿ ಐದು ವಾರದ ನಂತರ ಉಳಿದವರು 19 ಮಂದಿ. ಅವರೂ ದೋಣಿ ಹತ್ತಿ ಓಡಿಹೋದರು. ಆಮೇಲೆ ಫ್ರಾನ್ಸ್ ಮತ್ತು ಬ್ರಿಟನ್ ಆ ನೆಲಕ್ಕಾಗಿ ಒಂದೂವರೆ ಶತಮಾನ ಕಾದಾಡಿದವು. ದ್ವೀಪ ಹದಿನಾಲ್ಕು ಬಾರಿ ಕೈ ಬದಲಾಯಿಸಿತೆಂಬುದು ರೂಢಿಯ ಲೆಕ್ಕ. 1814ರಲ್ಲಿ ಅದು ಕೊನೆಯದಾಗಿ ಬ್ರಿಟನ್ನಿನ ಪಾಲಾಯಿತು. 1842ರಲ್ಲಿ ಇಂಗ್ಲಿಷ್ ಆಡಳಿತ ಭಾಷೆಯಾಯಿತು.

ಇದಾದ ಎರಡೇ ವರ್ಷಕ್ಕೆ, 1844ರಲ್ಲಿ, ದ್ವೀಪದ ಮೊದಲ ದೊಡ್ಡ ಇತಿಹಾಸ ಪುಸ್ತಕ ಬಂತು. ಬರೆದವನು ಹೆನ್ರಿ ಬ್ರೀನ್, ಐರ್ಲೆಂಡಿನಲ್ಲಿ ಹುಟ್ಟಿ ದ್ವೀಪದಲ್ಲಿ ನೆಲೆಸಿ, ಮುಂದೆ ಅದರ ಆಡಳಿತಾಧಿಕಾರಿಯೂ ಆದವನು. ಅವನ ಪುಸ್ತಕದ ಉಪಕಾರ ಸಣ್ಣದಲ್ಲ. ದ್ವೀಪದ ಜನರ 'ಲಾ ರೋಸ್' ಮತ್ತು 'ಲಾ ಮಾರ್ಗರೀಟ್' ಎಂಬ ಹಾಡು-ಕುಣಿತದ ಸಂಘಗಳ ಬಗ್ಗೆ ನಮಗೆ ಸಿಗುವ ಹಳೆಯ ವಿವರಗಳಲ್ಲಿ ಅವನದೂ ಒಂದು. ಒಂದು ಗುಲಾಬಿಯ ಹೆಸರಿನ ಬಣ, ಇನ್ನೊಂದು ಮಾರ್ಗರೀಟ್ ಹೂವಿನದು. ಎರಡಕ್ಕೂ ಬಣ್ಣದ ರಾಜ, ರಾಣಿ, ದರ್ಬಾರು. ಆ ಪೈಪೋಟಿ ಇಂದಿಗೂ ಇದೆ. ಆದರೆ ಆ ಹಾಡುಗಳ ಭಾಷೆಯ ಬಗ್ಗೆ ಬ್ರೀನನಿಗೆ ಎಳ್ಳಷ್ಟೂ ಗೌರವವಿರಲಿಲ್ಲ. ಅವನಿಗೆ ಅದು ಕೆಟ್ಟುಹೋದ ಫ್ರೆಂಚ್, ಮಕ್ಕಳಿಗೂ ಹಲ್ಲುದುರಿದ ಮುದುಕಿಯರಿಗೂ ಸಾಕಾಗುವ ತೊದಲು.

ಆ ಭಾಷೆ ಕ್ವೆಯೋಲ್. ಆಫ್ರಿಕಾದಿಂದ ಹಿಡಿದು ತಂದ ಜನ, ಒಬ್ಬರ ಮಾತು ಒಬ್ಬರಿಗೆ ತಿಳಿಯದ ಸ್ಥಿತಿಯಲ್ಲಿ, ಒಡೆಯರ ಫ್ರೆಂಚ್ ಪದಗಳನ್ನು ತಮ್ಮದೇ ವ್ಯಾಕರಣದಲ್ಲಿ ಜೋಡಿಸಿ ಕಟ್ಟಿಕೊಂಡದ್ದು. ಫ್ರೆಂಚಿನಲ್ಲಿ 'ದ ಲೋ' ಎಂದರೆ 'ಸ್ವಲ್ಪ ನೀರು'. ಕ್ವೆಯೋಲ್‌ನಲ್ಲಿ ಅದು ಒಂದೇ ಪದವಾಗಿ 'ದ್ಲೊ', ನೀರು. ಫ್ರೆಂಚಿನಲ್ಲಿ 'ಆ ಪುಸ್ತಕ' ಎಂದು ಗುರುತಿಸುವ 'ಲ' ಪದದ ಮುಂಚೆ ಬಂದರೆ ಇಲ್ಲಿ 'ಲಾ' ಪದದ ಹಿಂದೆ ಬಂದು 'ಲಿವ್-ಲಾ' ಆಗುತ್ತದೆ. ಇದಕ್ಕೆಲ್ಲ ನಿಯಮವಿದೆ. ನಿಯಮವಿರುವುದನ್ನು ತೊದಲು ಎನ್ನಲಾಗದು.

1859ರ ಮೇ 6ರಂದು ಪಾಮೈರಾ ಎಂಬ ಹಡಗು 318 ಭಾರತೀಯರನ್ನು ದ್ವೀಪಕ್ಕೆ ತಂದಿಳಿಸಿತು. ಗುಲಾಮಗಿರಿ ನಿಂತಮೇಲೆ ಕಬ್ಬಿನ ತೋಟಗಳಿಗೆ ಕರಾರಿನ ಕೂಲಿಗಳಾಗಿ ಬಂದವರು ಇವರು. ಆಮೇಲಿನ ಮೂರ್ನಾಲ್ಕು ದಶಕಗಳಲ್ಲಿ ಇನ್ನೂ ಹಲವು ಸಾವಿರ ಮಂದಿ ಬಂದರು, ಬಹುಪಾಲು ಉತ್ತರ ಭಾರತದವರು. ತೋಟದಲ್ಲಿ, ಸಂತೆಯಲ್ಲಿ, ನೆರೆಮನೆಯಲ್ಲಿ ಕಿವಿಗೆ ಬಿದ್ದ ಭಾಷೆಯೆಂದರೆ ಕ್ವೆಯೋಲ್. ಒಂದೆರಡು ತಲೆಮಾರಿನಲ್ಲಿ ತಂದ ಭಾಷೆ ಕಳೆದು ಅದೇ ಮನೆಮಾತಾಯಿತು. ಬ್ರೀನ್ ಕೀಳಾಗಿ ಕಂಡ ಮಾತು ಹೊಸಬರನ್ನು ಒಳಗೆ ಸೇರಿಸಿಕೊಳ್ಳುವಷ್ಟು ಗಟ್ಟಿಯಾಗಿತ್ತು.

ಬ್ರೀನನ ನಂತರದ ಬಹುಕಾಲ ದ್ವೀಪದ ಇತಿಹಾಸವೆಂದರೆ ಗವರ್ನರುಗಳ ಮತ್ತು ನೌಕಾಯುದ್ಧಗಳ ಪಟ್ಟಿ. ಅದರಲ್ಲಿ 'ಬ್ರಿಗ್ಯಾಂಡ್ಸ್', ಅಂದರೆ ದರೋಡೆಕೋರರು, ಎಂಬ ಒಂದು ಗುಂಪು ಬಂದುಹೋಗುತ್ತದೆ. ನಡೆದದ್ದು ಇಷ್ಟು. 1794ರಲ್ಲಿ ಕ್ರಾಂತಿಯ ಫ್ರಾನ್ಸ್ ಗುಲಾಮಗಿರಿಯನ್ನು ರದ್ದು ಮಾಡಿತು. ಅದೇ ವರ್ಷ ಬ್ರಿಟಿಷರು ದ್ವೀಪವನ್ನು ಹಿಡಿದರು. ಬಿಡುಗಡೆಯ ಮಾತು ಕೇಳಿದ್ದ ಜನ ಕಾಡು ಸೇರಿ ಹೋರಾಡಿದರು. 1795ರಲ್ಲಿ ಸೂಫ್ರಿಯೇರ್ ಬಳಿಯ ರಾಬೋದಲ್ಲಿ ಬ್ರಿಟಿಷ್ ಪಡೆಯನ್ನು ಸೋಲಿಸಿದರು, ಆ ಪಡೆ ದ್ವೀಪವನ್ನೇ ಬಿಟ್ಟುಹೋಗಬೇಕಾಯಿತು. ಮರುವರ್ಷ ದೊಡ್ಡ ಸೈನ್ಯ ಬಂದು ದ್ವೀಪವನ್ನು ಮತ್ತೆ ಹಿಡಿಯಿತು. ಕಾಡಿನ ಹೋರಾಟ ಆಮೇಲೂ ನಡೆಯಿತು. ಅವರು ಸೋತಮೇಲೆ ಗುಲಾಮಗಿರಿ ಇನ್ನೂ ಮೂರು ದಶಕಕ್ಕೂ ಹೆಚ್ಚು ಕಾಲ ಮುಂದುವರಿಯಿತು. ದ್ವೀಪದ ಇತಿಹಾಸಕಾರ ರಾಬರ್ಟ್ ಡೆವೊ 1997ರಲ್ಲಿ ಇವರ ಬಗ್ಗೆ ಬರೆದ ಪುಸ್ತಕದ ಹೆಸರು 'ದೇ ಕಾಲ್ಡ್ ಅಸ್ ಬ್ರಿಗ್ಯಾಂಡ್ಸ್'. ಶೀರ್ಷಿಕೆಯ 'ಅಸ್' ಎಂಬ ಒಂದು ಪದದಲ್ಲಿ ಇತಿಹಾಸ ಹೇಳುವವರು ಯಾರು ಎಂಬುದೇ ಬದಲಾಗಿದೆ. ಅವರು ಎಂದಿದ್ದವರು ಈಗ ನಾವು.

ಭಾಷೆಯ ಕಪಾಟಿನಲ್ಲೂ ಇದೇ ಆಯಿತು. 1983ರಲ್ಲಿ ಪರ್ಲೆಟ್ ಲೂಯಿಸಿ ಮತ್ತು ಪೌಲ್ ಟರ್ಮೆಲ್-ಜಾನ್ ಕ್ವೆಯೋಲ್ ಬರೆಯುವುದು ಹೇಗೆಂದು ಕೈಪಿಡಿಯೊಂದನ್ನು ತಂದರು. ಫ್ರೆಂಚ್ ಕಾಗುಣಿತದ ಹಂಗು ಬಿಟ್ಟು, ಉಚ್ಚಾರಣೆಯಂತೆ ಬರೆಯುವ ಪದ್ಧತಿ. ಮರುವರ್ಷ ಲಾರೆನ್ಸ್ ಕ್ಯಾರಿಂಗ್ಟನ್ ಆ ಭಾಷೆಯ ಧ್ವನಿ ಮತ್ತು ವ್ಯಾಕರಣದ ಪೂರ್ಣ ವಿವರಣೆ ಪ್ರಕಟಿಸಿದರು. 1992ರಲ್ಲಿ ಜೋನ್ಸ್ ಮೊಂಡೆಸಿರ್ ಅವರ ನಿಘಂಟು ಬಂದದ್ದು ಜರ್ಮನಿಯ ಪ್ರಕಾಶನದಿಂದ. 2001ರ ನಿಘಂಟನ್ನು ಪ್ರಕಟಿಸಿದ್ದು ದ್ವೀಪದ ಶಿಕ್ಷಣ ಇಲಾಖೆಯೇ. ಅಷ್ಟು ಹೊತ್ತಿಗೆ ಕೈಪಿಡಿ ಬರೆದ ಪರ್ಲೆಟ್ ಲೂಯಿಸಿ ದೇಶದ ಗವರ್ನರ್ ಜನರಲ್ ಆಗಿದ್ದರು, ಆ ಸ್ಥಾನಕ್ಕೆ ಬಂದ ಮೊದಲ ಮಹಿಳೆ. ಬ್ರೀನ್ ದ್ವೀಪದ ಆಡಳಿತ ನಡೆಸಿ ಒಂದೂವರೆ ಶತಮಾನ ಕಳೆಯುವ ಮೊದಲೇ, ಅವನು ತೊದಲೆಂದ ಮಾತಿಗೆ ಕಾಗುಣಿತ ಕಟ್ಟಿದಾಕೆ ದೇಶದ ಅತ್ಯುನ್ನತ ಪೀಠದಲ್ಲಿ ಕುಳಿತಿದ್ದರು.

ಸಾಹಿತ್ಯದಲ್ಲಿ ಈ ಎರಡೂ ಎಳೆ ಸೇರುವುದು ಡೆರೆಕ್ ವಾಲ್ಕಾಟ್ ಅವರಲ್ಲಿ. 1992ರಲ್ಲಿ ನೊಬೆಲ್ ಪಡೆದ ಈ ಕವಿ ಹುಟ್ಟಿದ್ದು ಜನವರಿ 23ರಂದು. 1979ರಲ್ಲಿ ಅರ್ಥಶಾಸ್ತ್ರದ ನೊಬೆಲ್ ಪಡೆದ ಅದೇ ದ್ವೀಪದ ಆರ್ಥರ್ ಲೂಯಿಸ್ ಹುಟ್ಟಿದ್ದೂ ಅದೇ ತಾರೀಖು. ವಾಲ್ಕಾಟರ 1990ರ 'ಓಮೆರೋಸ್' ಕಾವ್ಯದಲ್ಲಿ ಅಕೀಲ್, ಹೆಕ್ಟರ್ ದ್ವೀಪದ ಮೀನುಗಾರರು. ಅವರು ಜಗಳಾಡುವ ಹೆಲೆನ್ ಒಬ್ಬ ಹೆಣ್ಣೂ ಹೌದು, ಎರಡು ಸಾಮ್ರಾಜ್ಯಗಳು ಕಾದಾಡಿದ ದ್ವೀಪವೂ ಹೌದು. ಅದಕ್ಕೂ ಮೊದಲು, 1976ರ ಸಂಕಲನದಲ್ಲಿ, 'ಸೇಂತ್ ಲೂಸೀ' ಎಂದು ಫ್ರೆಂಚ್ ಕಾಗುಣಿತದಲ್ಲೇ ಹೆಸರಿಟ್ಟ ದೀರ್ಘ ಕವಿತೆಯಿದೆ. ಅದರಲ್ಲಿ ಇಂಗ್ಲಿಷಿನ ನಡುವೆ ದ್ವೀಪದ ಜನಪದ ಹಾಡಿನ ಕ್ವೆಯೋಲ್ ಬರುತ್ತದೆ. ಕವಿತೆಯ ಒಂದು ಭಾಗ ರೋಸೋ ಕಣಿವೆಯ ಚರ್ಚಿನ ಪೀಠದ ಹಿಂದಿನ ಚಿತ್ರದ ಕುರಿತದ್ದು. ಅದನ್ನು ಬಿಡಿಸಿದವರು ವಾಲ್ಕಾಟರ ಗೆಳೆಯ, ರಾಷ್ಟ್ರಧ್ವಜವನ್ನೂ ರೂಪಿಸಿದ ಡನ್‌ಸ್ಟನ್ ಸೇಂಟ್ ಓಮರ್. ಅಲ್ಲಿ ಮೇರಿ, ಜೋಸೆಫ್, ಮಗು ಕಪ್ಪು ಬಣ್ಣದವರು, ಸುತ್ತ ಇರುವವರು ಕಣಿವೆಯ ಜನ. ಯುರೋಪಿನಿಂದ ಬಂದ ದೈವಗಳು ಅಲ್ಲಿ ಊರಿನವರಾಗಿದ್ದಾರೆ.

ಡಿಸೆಂಬರ್ 13 ಈಗಲೂ ರಜೆ. ಆದರೆ 'ಡಿಸ್ಕವರಿ ಡೇ' ಎಂಬ ಹೆಸರು ಹೋಗಿ 'ನ್ಯಾಷನಲ್ ಡೇ' ಬಂದಿದೆ. ಕೊಲಂಬಸ್‌ನನ್ನು ಕೈಬಿಟ್ಟರು, ಲೂಸಿಯನ್ನು ಉಳಿಸಿಕೊಂಡರು. ಹಬ್ಬಕ್ಕೆ ರಾಜಧಾನಿ ಕ್ಯಾಸ್ಟ್ರೀಸ್‌ನಲ್ಲಿ ಜನ ಕೈಯಾರೆ ಮಾಡಿದ ಬಣ್ಣದ ಗೂಡುದೀಪಗಳು ಬೆಳಗುತ್ತವೆ. ಆ ದೇಶದ ಹೆಸರನ್ನು ನಾವು ಪತ್ರಿಕೆಗಳಲ್ಲಿ ಸೇಂಟ್ ಲೂಸಿಯಾ ಎಂದು ಓದುತ್ತೇವೆ. ಅಲ್ಲಿನವರು ಇಂಗ್ಲಿಷಿನಲ್ಲಿ 'ಲೂಷಾ' ಎನ್ನುತ್ತಾರೆ. ಅವರ ಸ್ವಂತ ಭಾಷೆಯಲ್ಲಿ ಅದು 'ಸೆಂಟ್ ಲಿಸಿ'.