ಸಾಕ್ಷಿ ಉಳಿಯದ ಸಪ್ತಪದಿ

ಹಿಂದೂ ವಿವಾಹವು ವಧೂವರರಲ್ಲಿ ಒಬ್ಬರ ಸಂಪ್ರದಾಯದ ವಿಧಿಯಂತೆ ನೆರವೇರಬೇಕೆಂಬುದು 1955ರ ಹಿಂದೂ ವಿವಾಹ ಅಧಿನಿಯಮದ 7ನೆಯ ಕಲಮಿನ ನಿಲುವು. ಆದರೆ ಅರ್ಧ ಶತಮಾನದ ತರುವಾಯ ಆ ವಿಧಿಯನ್ನು ಕಂಡವರು ಯಾರು ಉಳಿದಿರುತ್ತಾರೆ? ಮಕ್ಕಳ ಔರಸತ್ವವೂ ಹೆಂಡತಿಯ ದಾಯಹಕ್ಕೂ ಈ ಪ್ರಶ್ನೆಗೆ ಅಂಟಿಕೊಂಡಿವೆ. 1872ರ ಸಾಕ್ಷ್ಯ ಅಧಿನಿಯಮದ 114ನೆಯ ಕಲಮನ್ನು ಆಧರಿಸಿ ನ್ಯಾಯಾಲಯಗಳು ದೀರ್ಘಕಾಲದ ಸಹಜೀವನದಿಂದ ವಿವಾಹವನ್ನು ಊಹಿಸಿದವು. ಈ ಊಹೆ ಅಚಲವಲ್ಲ. 1952ರ ಗೋಕಲ್ ಚಂದ್ ಪ್ರಕರಣದಲ್ಲಿ ವಿರುದ್ಧ ಸಂಗತಿಗಳೆದುರು ಅದು ನಿಲ್ಲಲಿಲ್ಲ. 1978ರ ಬದರಿ ಪ್ರಸಾದ್ ಪ್ರಕರಣದಲ್ಲಿಯಾದರೋ ದಂಪತಿಗಳು ಸುಮಾರು 50 ವರ್ಷ ಕೂಡಿ ಬಾಳಿದ್ದರು. ಮದುವೆಯನ್ನು ಅಲ್ಲಗಳೆಯುವವನೇ ತನ್ನ ಮಾತನ್ನು ರುಜುವಾತುಪಡಿಸಬೇಕೆಂದು ಸರ್ವೋಚ್ಚ ನ್ಯಾಯಾಲಯ ತೀರ್ಪಿತ್ತಿತು. ಇಲ್ಲಿ ಕಾನೂನು ವಿಧಿಯನ್ನು ಕೈಬಿಡಲಿಲ್ಲ. ವಿಧಿ ನಡೆದಿತ್ತೆಂಬುದಕ್ಕೆ ಬಾಳಿದ ಬಾಳನ್ನೇ ಸಾಕ್ಷಿಯಾಗಿ ಸ್ವೀಕರಿಸಿತು.