ಗಣಕ ಮುಟ್ಟದವರಿಗೂ ಪ್ರೋಗ್ರಾಮಿಂಗ್ ಕಲಿಸಿದ ರಾಜಾರಾಮನ್

ಬೆಂಗಳೂರು: ಬಿಎಸ್ಸಿ, ಬಿಸಿಎ ಮುಗಿಸಿದವರು ಬನಶಂಕರಿ, ಕುಮಾರಸ್ವಾಮಿ ಬಡಾವಣೆಗಳ ಎಂಜಿನಿಯರಿಂಗ್ ಕಾಲೇಜುಗಳಲ್ಲಿ ಎಂಸಿಎಗೆ ಸೇರುವುದು ಇಂದು ಸಾಮಾನ್ಯ ಸಂಗತಿ. ಎಂಜಿನಿಯರಿಂಗ್ ಪದವಿ ಇಲ್ಲದವರಿಗೂ ಸಾಫ್ಟ್‌ವೇರ್ ಉದ್ಯೋಗದ ಬಾಗಿಲು ತೆರೆದ ಈ ಕೋರ್ಸ್ 1980ರ ದಶಕದ ಆರಂಭದಲ್ಲಿ ರೂಪುಗೊಂಡಿತು. ಅದರ ಹಿಂದಿನ ಪ್ರಮುಖ ಚಿಂತಕರು ಪ್ರೊ. ವೈದ್ಯೇಶ್ವರನ್ ರಾಜಾರಾಮನ್.

1933ರಲ್ಲಿ ಈರೋಡಿನಲ್ಲಿ ಜನಿಸಿದ ಅವರು ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯಲ್ಲಿ ವ್ಯಾಸಂಗ ಮಾಡಿ, 1961ರಲ್ಲಿ ಅಮೆರಿಕದ ವಿಸ್ಕಾನ್ಸಿನ್ ವಿಶ್ವವಿದ್ಯಾಲಯದಿಂದ ಪಿಎಚ್.ಡಿ. ಪಡೆದರು. ನಂತರ ಕಾನ್ಪುರದ ಐಐಟಿ ಸೇರಿದರು. 1963ರಲ್ಲಿ ಅಲ್ಲಿಗೆ ಐಬಿಎಂ 1620 ಗಣಕ ಬಂದಿತು. ದೇಶದ ನಾನಾ ಭಾಗಗಳ ಎಂಜಿನಿಯರುಗಳು, ವಿಜ್ಞಾನಿಗಳು 10 ದಿನಗಳ ತರಬೇತಿಗೆ ಅಲ್ಲಿಗೆ ಬರತೊಡಗಿದರು.

ಊರಿಗೆ ಮರಳಿದರೆ ಅವರಲ್ಲಿ ಹೆಚ್ಚಿನವರಿಗೆ ಗಣಕವೇ ಇರಲಿಲ್ಲ. ಇದ್ದ ಕಡೆಯೂ ರಂಧ್ರ ಕೊರೆದ ಕಾರ್ಡುಗಳ ಕಟ್ಟನ್ನು ಒಪ್ಪಿಸಿ ಫಲಿತಾಂಶಕ್ಕೆ ಕಾಯಬೇಕಿತ್ತು. ಒಂದು ಅಲ್ಪವಿರಾಮ ತಪ್ಪಿದರೂ ಕೆಲಸ ಮತ್ತೆ ಮೊದಲಿಂದ. ಹೀಗಾಗಿ ಸಮಸ್ಯೆಯನ್ನು ಹಂತಗಳಾಗಿ ಒಡೆದು, ಕಾಗದದ ಮೇಲೆ ಲೆಕ್ಕ ಹಾಕಿ ನೋಡಿದ ಬಳಿಕವೇ ಫೋರ್ಟ್ರಾನ್ ಭಾಷೆಯಲ್ಲಿ ಆದೇಶ ಬರೆಯುವುದು ಅನಿವಾರ್ಯವಾಗಿತ್ತು. ಇಂದು 'ಗಣಕೀಯ ಚಿಂತನೆ' ಎಂದು ಶಾಲೆಗಳಲ್ಲಿ ಹೇಳಿಕೊಡುವುದೂ ಬಹುಮಟ್ಟಿಗೆ ಇದನ್ನೇ.

ತರಗತಿಯ ಹೊರಗಿದ್ದವರಿಗೆ ನೆರವಾದದ್ದು ಅವರ ಪುಸ್ತಕಗಳು. ವಿದೇಶಿ ಪಠ್ಯಗಳು ವಿದ್ಯಾರ್ಥಿಯ ಕೈಗೆಟುಕದ ಕಾಲದಲ್ಲಿ, 1969ರಲ್ಲಿ, ಅವರ ಮೊದಲ ಪ್ರೋಗ್ರಾಮಿಂಗ್ ಪಠ್ಯ ಕಡಿಮೆ ಬೆಲೆಗೆ ಹೊರಬಂತು. ಫೋರ್ಟ್ರಾನ್, ಕೋಬಾಲ್, ಸಿ ಭಾಷೆಗಳ ಕುರಿತೂ ಬರೆದರು. ಸಂಶೋಧನಾ ಪ್ರಬಂಧಗಳಿಗಿಂತ ಈ ಪಠ್ಯಗಳೇ ಅವರ ಹೆಸರನ್ನು ಸಣ್ಣ ಊರುಗಳ ಕಾಲೇಜುಗಳಿಗೆ ಒಯ್ದವು ಎನ್ನಬಹುದು.

ದೇಶದಲ್ಲಿ ಗಣಕ ವಿಜ್ಞಾನದ ಮೊದಲ ಶೈಕ್ಷಣಿಕ ಕಾರ್ಯಕ್ರಮ 1960ರ ದಶಕದ ಮಧ್ಯಭಾಗದಲ್ಲಿ ಕಾನ್ಪುರದಲ್ಲಿ ಆರಂಭವಾಗಲು ಅವರೇ ಕಾರಣರು. ಮೈಸೂರಿನಲ್ಲಿ ಬಿ.ಇ. ಮುಗಿಸಿ 1969ರಲ್ಲಿ ಅಲ್ಲಿ ಎಂ.ಟೆಕ್. ಪಡೆದ ಎನ್.ಆರ್. ನಾರಾಯಣ ಮೂರ್ತಿ ಅವರ ಶಿಷ್ಯರಲ್ಲೊಬ್ಬರು.

1982ರಲ್ಲಿ ಭಾರತೀಯ ವಿಜ್ಞಾನ ಸಂಸ್ಥೆಗೆ ಮರಳಿದ ರಾಜಾರಾಮನ್, 1994ರವರೆಗೆ ಅಲ್ಲಿದ್ದು ಸೂಪರ್ ಕಂಪ್ಯೂಟರ್ ಶಿಕ್ಷಣ ಮತ್ತು ಸಂಶೋಧನಾ ಕೇಂದ್ರವನ್ನು ಕಟ್ಟಿ ಬೆಳೆಸಿದರು. ಮೂರು ವರ್ಷಗಳ ಎಂಸಿಎ 2020ರಿಂದ ಎರಡು ವರ್ಷಕ್ಕಿಳಿದಿದೆ.

ಅವರಿಗೆ 1976ರಲ್ಲಿ ಶಾಂತಿ ಸ್ವರೂಪ್ ಭಟ್ನಾಗರ್ ಪ್ರಶಸ್ತಿ, 1998ರಲ್ಲಿ ಪದ್ಮಭೂಷಣ ಲಭಿಸಿದವು. 2025ರ ನವೆಂಬರ್‌ನಲ್ಲಿ ಬೆಂಗಳೂರಿನಲ್ಲಿ ನಿಧನರಾದಾಗ ಅವರಿಗೆ 92 ವರ್ಷ.