ಜಾತ್ರೆಯ ಗೇಮ್ ಡಬ್ಬಿಗೆ ದೊಡ್ಡ ಆಟ ಹಿಡಿಸೀತೇ?

ಬಿಂಡಿಗನವಿಲೆ, ನಾಗಮಂಗಲದ ಕಡೆಯ ಜಾತ್ರೆಗಳಲ್ಲಿ ಬಳೆ, ಬಲೂನುಗಳ ಪಕ್ಕದಲ್ಲೇ ಅಂಗೈಯಗಲದ ವಿಡಿಯೋ ಗೇಮ್ ಡಬ್ಬಿಗಳನ್ನೂ ಮಾರುತ್ತಾರೆ. ಮೇಲೆ '400 ಆಟ' ಎಂದಿರುತ್ತದೆ. ಇಂಥ ಬಹುತೇಕ ಡಬ್ಬಿಗಳ ಒಳಗಿರುವುದು ಜಪಾನಿನ ನಿಂಟೆಂಡೊ 1983ರಲ್ಲಿ ತಂದ 'ಫ್ಯಾಮಿಕಾಮ್' ಯಂತ್ರದ ನಕಲು. ಮಾರಿಯೋ, ಕಾಂಟ್ರಾ ಆಡಿ ಮುಗಿಸಿದ ಮಕ್ಕಳು ಕೇಳುವುದು ಒಂದೇ: ಪ್ಲೇಸ್ಟೇಷನ್‌ನ ದೊಡ್ಡ ಆಟ ಇದರಲ್ಲಿ ಬರುತ್ತದಾ?

ಈ ಪ್ರಶ್ನೆಗೆ ಇಪ್ಪತ್ತು ವರ್ಷಕ್ಕೂ ಮೀರಿದ ಇತಿಹಾಸವಿದೆ.

ಮೊದಲು ಪ್ರಯತ್ನಿಸಿದ್ದು ಕಂಪನಿಗಳೇ. 1996ರ 'ರೆಸಿಡೆಂಟ್ ಈವಿಲ್' ಆಟವನ್ನು ಗೇಮ್ ಬಾಯ್ ಕಲರ್‌ಗೆ ತರಲು ಬ್ರಿಟನ್ನಿನ ಹಾಟ್‌ಜೆನ್ ಕೆಲಸ ಶುರುಮಾಡಿತು. ಪರದೆ ಬರೀ 160×144 ಚುಕ್ಕಿಯದು. 2000ರಲ್ಲಿ ಯೋಜನೆ ನಿಂತಿತು. ಅರ್ಧಂಬರ್ಧ ಪ್ರತಿ ಇಟ್ಟುಕೊಂಡಿದ್ದವರು ಹಣ ಕೇಳಿದಾಗ ಅಭಿಮಾನಿಗಳು ಚಂದಾ ಎತ್ತಿದರು. 2012ರಲ್ಲಿ ಅದು ಎಲ್ಲರ ಕೈಸೇರಿತು.

ಚೀನಾದಲ್ಲಿ ಇನ್ನೂ ದೊಡ್ಡ ಸಾಹಸ ನಡೆಯಿತು. 'ಫೈನಲ್ ಫ್ಯಾಂಟಸಿ 7' 1997ರಲ್ಲಿ ಮೂರು ಸಿ.ಡಿ.ಗಳಲ್ಲಿ ಬಂದ ಆಟ. 2005ರಲ್ಲಿ ಶೆನ್‌ಜೆನ್‌ನ ಕಂಪನಿಯೊಂದು ಅನುಮತಿಯಿಲ್ಲದೆ ಅದನ್ನು ಫ್ಯಾಮಿಕಾಮ್‌ನ 2 ಎಂ.ಬಿ. ಕ್ಯಾಸೆಟ್ಟಿಗೆ ಇಳಿಸಿತು, ಅಂದರೆ ನಮ್ಮ ಜಾತ್ರೆ ಡಬ್ಬಿಯ ಮೂಲಯಂತ್ರಕ್ಕೇ. ಮೂರು ಆಯಾಮದ ಚಿತ್ರ ಹೋಯಿತು, ಕತೆಯ ಹಂದರ ಉಳಿಯಿತು. ಮುಂದೆ ಅಭಿಮಾನಿಗಳೇ ಅದನ್ನು ಚೀನಿಯಿಂದ ಇಂಗ್ಲಿಷಿಗೆ ತಂದು ತಿದ್ದಿದರು.

ಚಿತ್ರವನ್ನೂ ಉಳಿಸಿಕೊಂಡು ಮಾಡಿದ ಕೆಲಸವೆಂದರೆ 'ಓಪನ್‌ಲಾರಾ'. ಎಕ್ಸ್‌ಪ್ರೋಜರ್ ಹೆಸರಿನ ಪ್ರೋಗ್ರಾಮರ್ 1996ರ 'ಟೂಂಬ್ ರೈಡರ್' ಅನ್ನು 2001ರ ಗೇಮ್ ಬಾಯ್ ಅಡ್ವಾನ್ಸ್‌ನಲ್ಲಿ ಓಡಿಸಿದರು. ಪ್ಲೇಸ್ಟೇಷನ್‌ಗೆ 2 ಎಂ.ಬಿ. ಮೆಮೊರಿ, ಮೂರು ಆಯಾಮದ ಲೆಕ್ಕಕ್ಕೇ ಬೇರೆ ಘಟಕ ಇತ್ತು. ಈ ಪುಟ್ಟ ಯಂತ್ರಕ್ಕೆ ಸುಮಾರು 17 ಮೆಗಾಹರ್ಟ್ಸ್ ವೇಗದ ಪ್ರೊಸೆಸರ್, 288 ಕೆ.ಬಿ. ಕೆಲಸದ ಮೆಮೊರಿ. ಭಾಗಾಕಾರದ ಆಜ್ಞೆಯೂ ಪ್ರೊಸೆಸರ್‌ನಲ್ಲಿಲ್ಲ. ಅದಕ್ಕೇ ಉತ್ತರಗಳನ್ನು ಮೊದಲೇ ಮಗ್ಗಿಯಂತೆ ಬರೆದಿಟ್ಟು, ಬೇಕಾದಾಗ ನೋಡಿಕೊಳ್ಳುವ ಉಪಾಯ ಮಾಡಿದರು.

ಇದಕ್ಕೆ ಕಾನೂನಿನ ಮುಖವೂ ಇದೆ. 2001ರ 'ಜಿ.ಟಿ.ಎ. 3' ಆಟವನ್ನು ಬಿಚ್ಚಿ, ಅಭಿಮಾನಿಗಳು ಅದರ ಕೋಡ್ ಅನ್ನು ಮತ್ತೆ ಬರೆದಿದ್ದರು. ಅದರಿಂದ ಆಟ ಕೈಯಲ್ಲಿ ಹಿಡಿಯುವ ಪಿಎಸ್ ವೀಟಾದಲ್ಲೂ ನಡೆಯಿತು. 2021ರ ಫೆಬ್ರವರಿಯಲ್ಲಿ ಟೇಕ್‌-ಟೂ ಕಂಪನಿ ಆ ಕೋಡ್ ಅನ್ನು ಗಿಟ್‌ಹಬ್‌ನಿಂದ ತೆಗೆಸಿ, ಸೆಪ್ಟೆಂಬರಿನಲ್ಲಿ ಮೊಕದ್ದಮೆ ಹೂಡಿತು. ಆಟದ ಮೇಲೆ ಕಂಪನಿಗೆ ಹಕ್ಕಿದೆ, ಸರಿ. ಆದರೆ ಕೋಡ್ ಅಳಿಸಿದಾಗ ಅದರೊಳಗಿನ ಕಲಿಕೆಯೂ ಅಳಿಯುತ್ತದೆ.

ಈ ಚರಿತ್ರೆ ನಮಗೆ ಮುಖ್ಯವೆನಿಸುವುದು ಇಲ್ಲೇ. ನಮ್ಮ ಊರುಗಳಿಗೆ ಯಂತ್ರ ಬರುವುದು ತಡವಾಗಿ, ಅಗ್ಗವಾಗಿ, ಬೇರೆಯವರು ಬಳಸಿ ಬಿಟ್ಟ ಮೇಲೆ. ಹಳತಾಯಿತು, ಹೊಸದು ಕೊಳ್ಳಿ ಎನ್ನುತ್ತದೆ ಮಾರುಕಟ್ಟೆ. ಇವರು ಒಂದೊಂದು ಬೈಟನ್ನೂ ಲೆಕ್ಕ ಹಾಕಿ, ಹಳೆಯದರಲ್ಲೇ ಎಷ್ಟು ಸಾಧ್ಯ ಎಂದು ತೋರಿಸಿದರು. ಓಪನ್‌ಲಾರಾದ ಕೋಡ್ ಎಲ್ಲರಿಗೂ ತೆರೆದಿದೆ. ನಾಗಮಂಗಲದ ಕಾಲೇಜಿನಲ್ಲಿ ಕಂಪ್ಯೂಟರ್ ಓದುವ ಹುಡುಗಿಯೂ ಅದನ್ನು ಇಂದೇ ತೆಗೆದು ಓದಬಹುದು.